ನೀರಿನ ಕ್ಯಾನ್ ಬಡಿದವರ ಹೆಸರು ಎಲ್ಲಿದೆ?

ಅಮೆರಿಕದ ಬೀಚ್ ಬಾಯ್ಸ್ ತಂಡದ ‘ಪೆಟ್ ಸೌಂಡ್ಸ್’ ಆಲ್ಬಂ ಬಂದಿದ್ದು 1966ರ ಮೇ ತಿಂಗಳಲ್ಲಿ. ಅದರ ಕೊನೆಯ ಹಾಡು ‘ಕ್ಯಾರೊಲೈನ್, ನೋ’. ಹೆಡ್‌ಫೋನ್ ಹಾಕಿಕೊಂಡು ಒಮ್ಮೆ ಕೇಳಿ. ಹಾಡುವವರು ಬಾಯಿ ತೆರೆಯುವ ಮೊದಲೇ ಒಂದು ಸದ್ದು ಬರುತ್ತದೆ. ಟೊಕ್. ಪೊಳ್ಳಾದ, ತುಸು ಒದ್ದೆಯಾದ ಸದ್ದು. ಖಾಲಿ ಬಾವಿಯೊಳಗೆ ಯಾರೋ ಕಲ್ಲು ತಟ್ಟಿದ ಹಾಗೆ ಗುಂಯ್ ಎಂದು ಹರಡಿ ಮಾಯವಾಗುತ್ತದೆ. ಇಡೀ ಹಾಡಿನ ದುಗುಡ ಆ ಒಂದು ಪೆಟ್ಟಿನಲ್ಲೇ ಶುರುವಾಗುತ್ತದೆ.

ಅದು ಡ್ರಮ್ಮಿನ ಸದ್ದಲ್ಲ. ಖಾಲಿ ನೀರಿನ ಕ್ಯಾನ್. ನಮ್ಮ ಮನೆ, ಆಫೀಸುಗಳಲ್ಲಿ ತಲೆಕೆಳಗಾಗಿ ಕೂರಿಸುತ್ತೇವಲ್ಲ, ಅಂಥದ್ದೇ ದೊಡ್ಡದು. ಅದರ ತಳಕ್ಕೆ ಬಡಿದವರು ಡ್ರಮ್ಮರ್ ಹಾಲ್ ಬ್ಲೇನ್. ಅವರು ಬೀಚ್ ಬಾಯ್ಸ್ ತಂಡದವರಲ್ಲ. ಆಲ್ಬಂ ಕವರ್‌ನಲ್ಲಿ ತಂಡದ ಐದು ಹುಡುಗರು ಮೃಗಾಲಯದಲ್ಲಿ ಮೇಕೆಗಳಿಗೆ ಮೇವು ತಿನ್ನಿಸುತ್ತಿದ್ದಾರೆ. ಬ್ಲೇನ್ ಅವರ ಫೋಟೊ ಹೋಗಲಿ, ಹೆಸರೂ ಅವತ್ತಿನ ಕವರ್‌ನಲ್ಲಿ ಇರಲಿಲ್ಲ.

ಹೀಗೆ ಹಿಂದೆ ಕೂತು ತಾಳ ಹಾಕಿದವರ ವಿಷಯ ಈಗ ಮತ್ತೆ ಮಾತಿಗೆ ಬಂದಿದೆ. 2025ರ ಜೂನ್‌ನಲ್ಲಿ ಬೀಚ್ ಬಾಯ್ಸ್‌ನ ಬ್ರಯಾನ್ ವಿಲ್ಸನ್ ತೀರಿಕೊಂಡರು. ಜಗತ್ತೆಲ್ಲ ಆ ಹಾಡುಗಳನ್ನು ಮತ್ತೆ ಕೇಳಿತು. ಅದೇ ತಿಂಗಳು ಆ ಹಾಡುಗಳಿಗೆ ಬೇಸ್ ಗಿಟಾರ್ ನುಡಿಸಿದ್ದ 90ರ ಹಿರಿಯೆ ಕ್ಯಾರಲ್ ಕೇ, ರಾಕ್ ಅಂಡ್ ರೋಲ್ ಹಾಲ್ ಆಫ್ ಫೇಮ್ ಕೊಟ್ಟ ಗೌರವ ತಮಗೆ ಬೇಡ ಎಂದರು. ಸ್ಟುಡಿಯೋ ವಾದ್ಯಗಾರರು ನಿಜವಾಗಿ ಮಾಡಿದ ಕೆಲಸಕ್ಕೂ ಈ ಸಂಭ್ರಮಕ್ಕೂ ಸಂಬಂಧವಿಲ್ಲ ಎನ್ನುವುದು ಅವರ ಮಾತಿನ ಸಾರ. ಇನ್ನೊಂದು ಕಡೆ, ಸ್ಟ್ರೀಮಿಂಗ್ ದುಡ್ಡಿನಲ್ಲಿ ಹಿನ್ನೆಲೆ ವಾದ್ಯದವರಿಗೂ ಪಾಲು ಬೇಕು ಎಂಬ ಜಗಳ ಹಲವು ದೇಶಗಳಲ್ಲಿ ನಡೆಯುತ್ತಿದೆ. ನಮ್ಮಲ್ಲೂ ಇದೆ.

ಈ ಜಗಳವನ್ನು ಎಲ್ಲರೂ ದುಡ್ಡಿನ ಜಗಳ ಎಂದೇ ನೋಡುತ್ತಾರೆ. ನನಗೆ ಹಾಗನ್ನಿಸುವುದಿಲ್ಲ. ಇದು ಮೊದಲು ಹೆಸರಿನ ಜಗಳ. ರೆಕಾರ್ಡಿಂಗ್ ದಿನ ಯಾರ ಹೆಸರು ಎಲ್ಲಿ ಬರೆದರು ಎನ್ನುವುದರ ಮೇಲೆ ಮುಂದಿನ ಐವತ್ತು ವರ್ಷದ ದುಡ್ಡು ನಿಂತಿರುತ್ತದೆ. ಬ್ಲೇನ್ ಅವರ ಬದುಕನ್ನು ಹತ್ತಿರದಿಂದ ನೋಡಿದರೆ ಇದು ಚೆನ್ನಾಗಿ ಗೊತ್ತಾಗುತ್ತದೆ.

ಬ್ಲೇನ್ ಹುಟ್ಟಿದ್ದು 1929ರಲ್ಲಿ, ಮ್ಯಾಸಚೂಸೆಟ್ಸ್ ರಾಜ್ಯದ ಹೋಲಿಯೋಕ್ ಎಂಬ ಊರಲ್ಲಿ. ಸೈನ್ಯದಲ್ಲಿದ್ದು ಬಂದ ಮೇಲೆ ಷಿಕಾಗೋದಲ್ಲಿ ರಾಯ್ ನ್ಯಾಪ್ ಎಂಬ ಗುರುಗಳ ಶಾಲೆ ಸೇರಿದರು. ಅಲ್ಲಿ ಬರೀ ಡ್ರಮ್ ಬಾರಿಸುವುದನ್ನಲ್ಲ, ಸ್ವರಲಿಪಿ ಓದಿ ನುಡಿಸುವುದನ್ನು ಕಲಿತರು. ಮುಂದೆ ಅವರ ಕೈ ಹಿಡಿದದ್ದು ಇದೇ. ಹಾಳೆ ಮುಂದಿಟ್ಟರೆ ಸಾಕು, ಮೊದಲ ಸಲವೇ ನುಡಿಸಬಲ್ಲವರಿಗೆ ಸ್ಟುಡಿಯೋದಲ್ಲಿ ಬೇಡಿಕೆ ಜಾಸ್ತಿ. ಯಾಕೆಂದರೆ ಅಲ್ಲಿ ಗಡಿಯಾರವೇ ಯಜಮಾನ.

ಲಾಸ್ ಏಂಜಲಿಸ್‌ನಲ್ಲಿ ಒಂದು ಸೆಷನ್, ಅಂದರೆ ಒಂದು ಸಲದ ರೆಕಾರ್ಡಿಂಗ್ ಕೆಲಸ, ಮೂರು ಗಂಟೆಯದು. ಅದಕ್ಕೆ ವಾದ್ಯಗಾರರ ಯೂನಿಯನ್ ಗೊತ್ತು ಮಾಡಿದ ಕೂಲಿ. ಮೂರು ಗಂಟೆ ದಾಟಿದರೆ ಹೆಚ್ಚುವರಿ ದುಡ್ಡು ಕೊಡಬೇಕು. ಹಾಗಾಗಿ ಕಂಪನಿಯವರಿಗೆ ತಪ್ಪಿಲ್ಲದೆ, ಬೇಗ, ಒಂದೆರಡು ಟೇಕ್‌ನಲ್ಲಿ ಮುಗಿಸುವವರು ಬೇಕು. ಬ್ಲೇನ್ ಅಂಥವರು. ಬೆಳಿಗ್ಗೆ ಒಂದು ಸ್ಟುಡಿಯೋ, ಮಧ್ಯಾಹ್ನ ಇನ್ನೊಂದು, ರಾತ್ರಿ ಮತ್ತೊಂದು. ಡ್ರಮ್ ಸೆಟ್ ಬಿಚ್ಚಿ ಕಟ್ಟುವಷ್ಟು ಹೊತ್ತೂ ಇರುತ್ತಿರಲಿಲ್ಲ. ಅದಕ್ಕೇ ಒಂದಕ್ಕಿಂತ ಹೆಚ್ಚು ಸೆಟ್ ಇಟ್ಟುಕೊಂಡು, ಅವರು ಹೋಗುವಷ್ಟರಲ್ಲಿ ಮುಂದಿನ ಸ್ಟುಡಿಯೋದಲ್ಲಿ ಸೆಟ್ ತಯಾರಾಗಿ ನಿಂತಿರುವಂತೆ ಒಬ್ಬರನ್ನು ಕೆಲಸಕ್ಕೆ ಇಟ್ಟಿದ್ದರು.

1963ರ ಬೇಸಿಗೆಯಲ್ಲಿ ಗೋಲ್ಡ್ ಸ್ಟಾರ್ ಸ್ಟುಡಿಯೋದಲ್ಲಿ ರೊನೆಟ್ಸ್ ತಂಡದ ‘ಬಿ ಮೈ ಬೇಬಿ’ ರೆಕಾರ್ಡ್ ಆಯಿತು. ಅದರ ಶುರುವಿನ ಡ್ರಮ್ಮನ್ನು ನೀವು ಎಲ್ಲೋ ಕೇಳಿಯೇ ಇರುತ್ತೀರಿ. ಧುಂ, ಧುಧುಂ, ಠಪ್. ಬ್ಲೇನ್ ಹೇಳುತ್ತಿದ್ದ ಪ್ರಕಾರ ಅದು ಕೈ ತಪ್ಪಿ ಆದದ್ದು. ಎರಡನೇ ಮಾತ್ರೆಗೂ ನಾಲ್ಕನೇ ಮಾತ್ರೆಗೂ ಸ್ನೇರ್ ಡ್ರಮ್ಮಿಗೆ ಪೆಟ್ಟು ಬೀಳಬೇಕಿತ್ತು. ಎರಡನೆಯದು ತಪ್ಪಿಹೋಯಿತು, ನಾಲ್ಕನೆಯದು ಮಾತ್ರ ಬಿತ್ತು. ಅನುಭವಿ ಆದ್ದರಿಂದ ಅವರು ಗಾಬರಿಯಾಗಲಿಲ್ಲ. ಮುಂದಿನ ಆವರ್ತದಲ್ಲೂ ಅದೇ ತಪ್ಪನ್ನು ಬೇಕೆಂದೇ ಮಾಡಿದರು. ತಪ್ಪು ಎರಡು ಸಲ ಬಂದರೆ ಅದು ನಡೆ ಆಗುತ್ತದೆ. ಮೃದಂಗದವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ಆ ಹಾಡನ್ನು ಕಾರಿನ ರೇಡಿಯೋದಲ್ಲಿ ಕೇಳಿ ರಸ್ತೆ ಬದಿಗೆ ಗಾಡಿ ನಿಲ್ಲಿಸಿದ 21 ವರ್ಷದ ಹುಡುಗನೇ ಬ್ರಯಾನ್ ವಿಲ್ಸನ್.

1964ರ ಕೊನೆಯಲ್ಲಿ ವಿಮಾನದಲ್ಲಿ ಹೋಗುತ್ತಿದ್ದಾಗ ವಿಲ್ಸನ್ ಅವರಿಗೆ ತೀವ್ರ ಆತಂಕ ಬಂದು ಕುಸಿದರು. ಆಮೇಲೆ ತಂಡದ ಜೊತೆ ಊರೂರು ತಿರುಗುವುದನ್ನು ನಿಲ್ಲಿಸಿಬಿಟ್ಟರು. ಅಲ್ಲಿಂದ ಕೆಲಸ ಎರಡು ಭಾಗವಾಯಿತು. ಉಳಿದವರು ಊರೂರಲ್ಲಿ ಹಾಡುತ್ತಿದ್ದರೆ, ವಿಲ್ಸನ್ ಲಾಸ್ ಏಂಜಲಿಸ್‌ನಲ್ಲಿ ಬ್ಲೇನ್, ಕ್ಯಾರಲ್ ಕೇ ಮುಂತಾದವರನ್ನು ಕೂರಿಸಿಕೊಂಡು ಹಾಡಿನ ಸಂಗೀತ ಸಿದ್ಧ ಮಾಡುತ್ತಿದ್ದರು. ಟೂರ್ ಮುಗಿಸಿ ಬಂದವರು ಅದರ ಮೇಲೆ ಹಾಡುತ್ತಿದ್ದರು. 1966ರ ಜನವರಿಯಲ್ಲಿ ತಂಡ ಜಪಾನಿನಲ್ಲಿತ್ತು. ‘ಪೆಟ್ ಸೌಂಡ್ಸ್’ ಕೆಲಸ ಇಲ್ಲಿ ಭರದಿಂದ ನಡೆಯುತ್ತಿತ್ತು.

ತಂಡದ ಡ್ರಮ್ಮರ್ ಡೆನ್ನಿಸ್ ವಿಲ್ಸನ್ ಅವರಿಗೆ ಇದರಿಂದ ಬೇಜಾರಾಗಲಿಲ್ಲವೇ? ಬ್ಲೇನ್ ಅವರ ಪ್ರಕಾರ ಇಲ್ಲ. ತಾನು ಒಂದು ಸೆಷನ್ನಿಗೆ ಪಡೆಯುವುದಕ್ಕಿಂತ ಎಷ್ಟೋ ಪಟ್ಟು ಹೆಚ್ಚು ದುಡ್ಡನ್ನು ಡೆನ್ನಿಸ್ ಒಂದೇ ರಾತ್ರಿಯ ಕಾರ್ಯಕ್ರಮದಲ್ಲಿ ಗಳಿಸುತ್ತಿದ್ದರು ಎಂದು ಅವರು ಹೇಳುತ್ತಿದ್ದರು. ಈ ಮಾತಿನಲ್ಲೇ ಇಡೀ ವ್ಯವಸ್ಥೆ ಇದೆ. ಹೆಸರು ಇದ್ದವರಿಗೆ ಹೆಸರಿನ ದುಡ್ಡು. ಕೈ ಇದ್ದವರಿಗೆ ದಿನಗೂಲಿ.

ಕೂಲಿ ಚೆನ್ನಾಗಿಯೇ ಇತ್ತು, ಸುಳ್ಳು ಹೇಳಬಾರದು. 1960ರ ದಶಕದಲ್ಲಿ ಬ್ಲೇನ್ ಬಿಡುವಿಲ್ಲದೆ ದುಡಿದರು. ಅಮೆರಿಕದ ಜನಪ್ರಿಯ ಹಾಡುಗಳ ಪಟ್ಟಿಯಲ್ಲಿ ಮೊದಲ ಸ್ಥಾನಕ್ಕೆ ಏರಿದ ಸುಮಾರು 40 ಹಾಡುಗಳಲ್ಲಿ ಅವರ ಡ್ರಮ್ ಇದೆ. ಮೊದಲ ಹತ್ತರೊಳಗೆ ಬಂದವು 150ಕ್ಕೂ ಹೆಚ್ಚು. 1966ರಿಂದ 1971ರವರೆಗೆ ಸತತ ಆರು ವರ್ಷ ‘ವರ್ಷದ ರೆಕಾರ್ಡ್’ ಗ್ರ್ಯಾಮಿ ಗೆದ್ದ ಹಾಡುಗಳಿಗೆಲ್ಲ ಡ್ರಮ್ ನುಡಿಸಿದ್ದು ಅವರೇ. ಕವರ್ ಮೇಲಿನ ಹೆಸರು ಬೇರೆ ಬೇರೆ. ಹರ್ಬ್ ಆಲ್ಪರ್ಟ್ ಒಂದು ವರ್ಷ, ಫ್ರ್ಯಾಂಕ್ ಸಿನಾತ್ರಾ ಒಂದು ವರ್ಷ, ಫಿಫ್ತ್ ಡೈಮೆನ್ಷನ್ ತಂಡ ಎರಡು ವರ್ಷ, ಸೈಮನ್ ಮತ್ತು ಗಾರ್ಫಂಕಲ್ ಎರಡು ವರ್ಷ. ತಾಳ ಮಾತ್ರ ಒಬ್ಬರದೇ.

ಈ ಮನುಷ್ಯನ ಕಲ್ಪನೆ ಡ್ರಮ್ಮಿಗಷ್ಟೇ ಸೀಮಿತ ಆಗಿರಲಿಲ್ಲ ಎನ್ನುವುದನ್ನು ಇಲ್ಲಿ ಸ್ವಲ್ಪ ನಿಧಾನವಾಗಿ ಹೇಳಬೇಕು. ಸೆಷನ್ ವಾದ್ಯಗಾರ ಎಂದರೆ ಬರೆದುಕೊಟ್ಟದ್ದನ್ನು ನುಡಿಸುವವರು ಎಂದು ಸುಮ್ನೆ ಅಂದುಕೊಳ್ಳುತ್ತೇವೆ. ಹಿಮದಲ್ಲಿ ಕಾರು ಜಾರದಿರಲಿ ಎಂದು ಟೈರಿಗೆ ಸುತ್ತುವ ಕಬ್ಬಿಣದ ಸರಪಳಿ ಇರುತ್ತದಲ್ಲ, ಅದನ್ನು ಸಿಮೆಂಟ್ ನೆಲದ ಮೇಲೆ ಎಳೆದು ಬಡಿದು ‘ಬ್ರಿಡ್ಜ್ ಓವರ್ ಟ್ರಬಲ್ಡ್ ವಾಟರ್’ ಹಾಡಿಗೆ ಸದ್ದು ಕೊಟ್ಟವರು ಬ್ಲೇನ್. ‘ದ ಬಾಕ್ಸರ್’ ಹಾಡಿನಲ್ಲಿ ಪಲ್ಲವಿಯ ನಡುವೆ ಸಿಡಿಲಿನಂತೆ ಒಂದು ಪೆಟ್ಟು ಬರುತ್ತದೆ. ಅದನ್ನು ರೆಕಾರ್ಡ್ ಮಾಡಿದ್ದು ನ್ಯೂಯಾರ್ಕಿನ ಸ್ಟುಡಿಯೋ ಕಟ್ಟಡದ ಲಿಫ್ಟಿನ ಎದುರು. ಲಿಫ್ಟಿನ ಉದ್ದನೆಯ ಗುಂಡಿಯೊಳಗೆ ಸದ್ದು ಇಳಿದು ಗುಡುಗಾಗಿ ವಾಪಸ್ ಬರಲಿ ಎಂದು. ಬ್ಲೇನ್ ಕೋಲು ಎತ್ತಿ ಬಡಿದ ಹೊತ್ತಿಗೇ ಲಿಫ್ಟಿನ ಬಾಗಿಲು ತೆರೆದು ಒಬ್ಬ ವಯಸ್ಸಾದ ಕಾವಲುಗಾರ ಹೊರಗೆ ಬಂದರಂತೆ. ಯಾರೋ ಗುಂಡು ಹಾರಿಸಿದರು ಎಂದುಕೊಂಡು ಅವರು ನಡುಗಿ ಹೋದರು ಎಂದು ಬ್ಲೇನ್ ನೆನೆಸಿಕೊಳ್ಳುತ್ತಿದ್ದರು.

ಇಂಥದ್ದನ್ನು ಯಾವ ಹಾಳೆಯಲ್ಲೂ ಮೊದಲೇ ಬರೆದಿರುವುದಿಲ್ಲ. ಆ ಹೊತ್ತಿಗೆ ಆ ಕೋಣೆಯಲ್ಲಿ ಹುಟ್ಟುತ್ತದೆ. ಹಾಗಾದರೆ ಅದು ಯಾರದು?

ಕಾನೂನಿನ ಉತ್ತರ ಕಟುವಾಗಿದೆ. ಹಾಡಿನ ಹಕ್ಕು ಎಂದರೆ ಮುಖ್ಯವಾಗಿ ಸಾಹಿತ್ಯ ಮತ್ತು ರಾಗ. ಬರೆದವರಿಗೆ ಒಂದು ಪಾಲು, ರಾಗ ಹಾಕಿದವರಿಗೆ ಒಂದು ಪಾಲು. ರೆಕಾರ್ಡಿಂಗಿನ ಹಕ್ಕು ಬೇರೆ, ಅದು ಕಂಪನಿಯದು. ತಾಳ ಕಟ್ಟಿದವರು ‘ರಚನಕಾರ’ರ ಸಾಲಿಗೆ ಬರುವುದು ಬಹಳ ಅಪರೂಪ. ಇದರ ಪೆಟ್ಟನ್ನು ಎಲ್ಲರಿಗಿಂತ ಜಾಸ್ತಿ ತಿಂದವರು ಜೇಮ್ಸ್ ಬ್ರೌನ್ ಅವರ ಡ್ರಮ್ಮರ್ ಕ್ಲೈಡ್ ಸ್ಟಬಲ್‌ಫೀಲ್ಡ್. 1969ರಲ್ಲಿ ಸಿನ್ಸಿನಾಟಿಯಲ್ಲಿ ರೆಕಾರ್ಡ್ ಆದ ‘ಫಂಕಿ ಡ್ರಮ್ಮರ್’ ಎಂಬ ಹಾಡಿನ ನಡುವೆ ಕೆಲವೇ ಸೆಕೆಂಡು ಅವರೊಬ್ಬರೇ ನುಡಿಸುತ್ತಾರೆ. ಆ ತುಣುಕನ್ನು ಕತ್ತರಿಸಿ, ಸುತ್ತಿಸಿ, ಮುಂದಿನ ದಶಕಗಳಲ್ಲಿ ನೂರಾರು ಹಿಪ್‌ಹಾಪ್ ಹಾಡುಗಳನ್ನು ಕಟ್ಟಿದರು. ಪಬ್ಲಿಕ್ ಎನಿಮಿ ತಂಡವೂ ಬಳಸಿತು. ಹಾಡಿನ ಹೆಸರೇ ಡ್ರಮ್ಮರ್. ಆದರೆ ರಚನೆ ಎಂದು ಬರೆದದ್ದು ಜೇಮ್ಸ್ ಬ್ರೌನ್ ಹೆಸರು. ಸ್ಟಬಲ್‌ಫೀಲ್ಡ್ 2017ರಲ್ಲಿ ತೀರಿಕೊಂಡರು. ದುಡ್ಡಿಗಿಂತ ಹೆಸರು ಹಾಕಿದ್ದರೆ ಸಾಕಿತ್ತು ಎಂದು ಅವರು ಹಲವು ಸಲ ಹೇಳಿದ್ದರು. ನನಗೆ ಈ ಮಾತು ಕೇಳಿದಾಗಲೆಲ್ಲ ಸಂಕಟ ಆಗುತ್ತದೆ.

ಹೆಸರು ಹಾಕದಿದ್ದಕ್ಕೆ ಕಾರಣ ಬರೀ ಜಿಪುಣತನವಲ್ಲ. ಪಾಪ್ ತಂಡ ಎಂದರೆ ಒಂದು ಚಿತ್ರ. ನಾಲ್ಕೈದು ಗೆಳೆಯರು, ಅವರೇ ಬರೆದು, ಅವರೇ ನುಡಿಸಿ, ಅವರೇ ಹಾಡುತ್ತಾರೆ ಎಂಬ ಚಿತ್ರ. ಅಭಿಮಾನಿಗಳು ಕೊಳ್ಳುವುದು ಅದನ್ನೇ. ಬರ್ಡ್ಸ್ ತಂಡದ ಮೊದಲ ದೊಡ್ಡ ಹಾಡಿನಲ್ಲಿ ತಂಡದವರ ಪೈಕಿ ವಾದ್ಯ ನುಡಿಸಿದ್ದು ರೋಜರ್ ಮ್ಯಾಗ್ವಿನ್ ಒಬ್ಬರೇ. ಡ್ರಮ್ ಬ್ಲೇನ್ ಅವರದು. ಮಂಕೀಸ್ ತಂಡದವರು ತಮ್ಮ ಮೊದಲ ಆಲ್ಬಂಗಳಲ್ಲಿ ಹೆಚ್ಚಿನ ವಾದ್ಯ ತಾವೇ ನುಡಿಸಿಲ್ಲ ಎಂದು 1967ರಲ್ಲಿ ಬಯಲಾದಾಗ ದೊಡ್ಡ ಗಲಾಟೆಯೇ ಆಯಿತು. ಕಾರ್ಪೆಂಟರ್ಸ್ ಜೋಡಿಯ ಕ್ಯಾರೆನ್ ಅವರಂತೂ ಸ್ವತಃ ಒಳ್ಳೆಯ ಡ್ರಮ್ಮರ್. ಆದರೂ 1970ರ ‘ಕ್ಲೋಸ್ ಟು ಯು’ ಹಾಡಿಗೆ ಡ್ರಮ್ ನುಡಿಸಿದ್ದು ಬ್ಲೇನ್. ಹಿಂದಿನ ಕೈ ಕಾಣಿಸಿದರೆ ಮುಂದಿನ ಚಿತ್ರ ಕೆಡುತ್ತದೆ ಎಂಬ ಹೆದರಿಕೆ ಕಂಪನಿಗಳಿಗೆ.

ಬ್ಲೇನ್ ತಮ್ಮದೇ ದಾರಿ ಹುಡುಕಿಕೊಂಡಿದ್ದರು. ‘ಹಾಲ್ ಬ್ಲೇನ್ ಮತ್ತೆ ಬಾರಿಸಿದ’ ಎಂಬ ಅರ್ಥದ ಒಂದು ರಬ್ಬರ್ ಸ್ಟ್ಯಾಂಪ್ ಮಾಡಿಸಿಕೊಂಡಿದ್ದರು. ಸೆಷನ್ ಮುಗಿದ ಮೇಲೆ ಸ್ವರಲಿಪಿಯ ಹಾಳೆಗೆ ಅದನ್ನು ಒತ್ತಿ ಎದ್ದು ಹೋಗುವುದು. ಕವರ್ ಮೇಲೆ ಹೆಸರು ಬರುವುದಿಲ್ಲ ಎಂದು ಗೊತ್ತಿದ್ದವರು ಮಾಡಿಕೊಂಡ ಏರ್ಪಾಡು ಅದು.

ಆದರೆ ಅವರನ್ನು ನಿಜವಾಗಿ ಕಾಪಾಡಿದ್ದು ಸ್ಟ್ಯಾಂಪ್ ಅಲ್ಲ, ಯೂನಿಯನ್ನಿನ ಫಾರಂ. ಪ್ರತಿ ಸೆಷನ್ನಿಗೂ ಒಂದು ಕಾಗದ ತುಂಬಬೇಕಿತ್ತು. ದಿನಾಂಕ, ಸ್ಟುಡಿಯೋ, ಯಾವ ಹಾಡು, ಯಾರ್ಯಾರು ನುಡಿಸಿದರು, ಎಷ್ಟು ಕೊಡಬೇಕು. ಕೂಲಿ ಲೆಕ್ಕಕ್ಕೆಂದು ಮಾಡಿದ ಕಾಗದ ಅದು. ಇವತ್ತು ಯಾವ ಹಾಡಿಗೆ ಯಾರು ನುಡಿಸಿದರು ಎಂದು ಗಟ್ಟಿಯಾಗಿ ಹೇಳಲು ಆಗುತ್ತಿರುವುದು ಅದರಿಂದಲೇ. ಅದು ಎರಡೂ ಕಡೆಗೆ ನ್ಯಾಯ ಕೊಟ್ಟಿದೆ. ಬೀಚ್ ಬಾಯ್ಸ್ ಹಾಡುಗಳಲ್ಲಿ ಡೆನ್ನಿಸ್ ಡ್ರಮ್ ನುಡಿಸಲೇ ಇಲ್ಲ ಎಂಬ ಮಾತು ಬಹಳ ಕಾಲ ಓಡಾಡಿತು. ಕಾಗದಗಳನ್ನೂ ಮೂಲ ಟೇಪ್‌ಗಳನ್ನೂ ಜೋಡಿಸಿ ನೋಡಿದವರು ಅದು ತಪ್ಪು ಎಂದು ತೋರಿಸಿದರು. ಮೊದಲ ವರ್ಷಗಳ ಅನೇಕ ಹಾಡುಗಳಲ್ಲಿ ಡೆನ್ನಿಸ್ ಅವರೇ ಇದ್ದಾರೆ. ಬ್ಲೇನ್ ಅವರನ್ನು ಹೊಗಳುವ ಭರದಲ್ಲಿ ಡೆನ್ನಿಸ್ ಅವರ ಕೆಲಸವನ್ನು ಅಳಿಸಿದ್ದೂ ಅನ್ಯಾಯವೇ, ಅಲ್ವಾ?

ಕ್ಯಾರಲ್ ಕೇ ಅವರ ಸಿಟ್ಟಿನ ಬೇರೂ ಇಲ್ಲೇ ಇದೆ. ಈ ವಾದ್ಯಗಾರರನ್ನೆಲ್ಲ ಈಗ ‘ರೆಕಿಂಗ್ ಕ್ರೂ’ ಎಂದು ಕರೆಯುತ್ತಾರೆ. 1990ರಲ್ಲಿ ಬಂದ ಬ್ಲೇನ್ ಅವರ ಆತ್ಮಕಥೆಯಿಂದ ಆ ಹೆಸರು ಎಲ್ಲ ಕಡೆ ಹರಡಿತು. ಕೆಲಸ ಮಾಡುತ್ತಿದ್ದ ಕಾಲದಲ್ಲಿ ತಮ್ಮನ್ನು ಯಾರೂ ಹಾಗೆ ಕರೆಯುತ್ತಿರಲಿಲ್ಲ ಎನ್ನುತ್ತಾರೆ ಕೇ. ಹೆಸರಿಲ್ಲದೆ ದುಡಿದವರಿಗೆ ಆಮೇಲೆ ಯಾರೋ ಇಟ್ಟ ಗುಂಪಿನ ಹೆಸರು. ಅದು ಅವರಿಗೆ ಬೇಡ. ಅವರ ಮಾತನ್ನು ಹಟ ಎಂದು ತಳ್ಳಿಹಾಕಬಾರದು ಅನ್ನುತ್ತೇನೆ.

ಇನ್ನು ಬೀಟಲ್ಸ್ ಕಡೆ ಬರೋಣ. ಇಲ್ಲಿ ನಮ್ಮ ತಬಲಾ ಇದೆ. 1966ರ ‘ರಿವಾಲ್ವರ್’ ಆಲ್ಬಂನಲ್ಲಿ ಜಾರ್ಜ್ ಹ್ಯಾರಿಸನ್ ಅವರ ‘ಲವ್ ಯು ಟು’ ಹಾಡಿಗೆ ಲಂಡನ್ನಿನಲ್ಲಿದ್ದ ಅನಿಲ್ ಭಾಗವತ್ ತಬಲಾ ನುಡಿಸಿದರು. ಅವರ ಹೆಸರನ್ನು ಆಲ್ಬಂ ಕವರ್ ಮೇಲೆ ಅಚ್ಚು ಹಾಕಿದರು. ಮರುವರ್ಷ ‘ಸಾರ್ಜೆಂಟ್ ಪೆಪ್ಪರ್ಸ್’ ಬಂತು. ಅದರಲ್ಲಿ ಹ್ಯಾರಿಸನ್ ಅವರ ಇನ್ನೊಂದು ಹಾಡಿಗೆ ತಬಲಾ, ದಿಲ್‌ರುಬಾ, ತಂಬೂರಿ ನುಡಿಸಿದ ಭಾರತೀಯರ ಹೆಸರು ಕವರ್‌ನಲ್ಲಿ ಇಲ್ಲ. ತಬಲಾ ನುಡಿಸಿದವರು ನಟವರ್ ಸೋನಿ ಎಂದು ಲೋಕಕ್ಕೆ ತಿಳಿಯಲು ದಶಕಗಳೇ ಬೇಕಾದವು. ಅದೇ ತಂಡ, ಅದೇ ಕಂಪನಿ, ಒಂದೇ ವರ್ಷದ ಅಂತರ. ಹೆಸರು ಹಾಕುವುದು ಹಕ್ಕಾಗಿರಲಿಲ್ಲ. ಆ ಹೊತ್ತಿಗೆ ಯಾರಿಗೋ ನೆನಪಾದರೆ ಉಂಟು, ಇಲ್ಲದಿದ್ದರೆ ಇಲ್ಲ.

ಬೀಟಲ್ಸ್‌ಗೇ ಸೇರಿದ ಇನ್ನೊಂದು ಲೆಕ್ಕ ಹೇಳುತ್ತೇನೆ, ಕಾನೂನು ಎಷ್ಟು ವಿಚಿತ್ರವಾಗಿ ಕೆಲಸ ಮಾಡುತ್ತದೆ ಎಂದು ಗೊತ್ತಾಗುತ್ತದೆ. 1962ರ ಸೆಪ್ಟೆಂಬರ್ 11ರಂದು ಆಂಡಿ ವೈಟ್ ಎಂಬ ಸೆಷನ್ ಡ್ರಮ್ಮರ್ ಬೀಟಲ್ಸ್‌ಗೆ ಎರಡು ಹಾಡು ನುಡಿಸಿದರು. ‘ಪಿ.ಎಸ್. ಐ ಲವ್ ಯು’ ಮತ್ತು ‘ಲವ್ ಮಿ ಡು’ ಹಾಡಿನ ಇನ್ನೊಂದು ಅವತರಣಿಕೆ. ತಂಡದ ಡ್ರಮ್ಮರ್ ರಿಂಗೋ ಸ್ವತಃ ಪಕ್ಕದಲ್ಲಿ ಕೂತು ಒಂದಕ್ಕೆ ಮರಾಕಾ, ಇನ್ನೊಂದಕ್ಕೆ ಟ್ಯಾಂಬರಿನ್ ನುಡಿಸಿದರು. ವೈಟ್ ಅವರಿಗೆ ಸಿಕ್ಕಿದ್ದು ಸೆಷನ್ ಕೂಲಿ ಅಷ್ಟೇ. ಯುರೋಪಿನಲ್ಲಿ ಆಗ ರೆಕಾರ್ಡಿಂಗಿನ ಹಕ್ಕು ಬಿಡುಗಡೆಯಾಗಿ 50 ವರ್ಷ. 2011ರಲ್ಲಿ ಯುರೋಪಿಯನ್ ಒಕ್ಕೂಟ ಅದನ್ನು 70 ವರ್ಷಕ್ಕೆ ಏರಿಸಿತು. ಜೊತೆಗೆ ಒಂದು ಒಳ್ಳೆಯ ಕೆಲಸವನ್ನೂ ಮಾಡಿತು. ಹೀಗೆ ಹೆಚ್ಚುವರಿಯಾಗಿ ಸಿಕ್ಕ 20 ವರ್ಷಗಳಲ್ಲಿ ಬರುವ ಆದಾಯದ ಶೇ. 20ರಷ್ಟನ್ನು, ಒಂದೇ ಸಲದ ಕೂಲಿಗೆ ಹಕ್ಕು ಬಿಟ್ಟುಕೊಟ್ಟ ಸೆಷನ್ ವಾದ್ಯಗಾರರಿಗಾಗಿ ಕಂಪನಿ ಪ್ರತಿವರ್ಷ ತೆಗೆದಿಡಬೇಕು. ಬ್ರಿಟನ್ನಿನಲ್ಲಿ ಇದು 2013ರ ನವೆಂಬರ್ 1ರಿಂದ ಜಾರಿಗೆ ಬಂತು.

ಈಗ ನೋಡಿ. ವೈಟ್ ನುಡಿಸಿದ ಎರಡು ಹಾಡುಗಳಲ್ಲಿ ‘ಪಿ.ಎಸ್. ಐ ಲವ್ ಯು’ ಬಿಡುಗಡೆ ಆದದ್ದು 1962ರಲ್ಲಿ. 2012ರ ಕೊನೆಗೆ ಅದರ ಹಕ್ಕಿನ ಅವಧಿ ಮುಗಿದುಹೋಯಿತು. ಅದೇ ದಿನ, ಅದೇ ಕೋಣೆಯಲ್ಲಿ ನುಡಿಸಿದ ‘ಲವ್ ಮಿ ಡು’ ಆಲ್ಬಂನಲ್ಲಿ ಹೊರಬಂದದ್ದು 1963ರಲ್ಲಿ. ಹಾಗಾಗಿ ಅದು ಹೊಸ ಕಾನೂನಿನ ಒಳಗೆ ಬಂತು. ಒಂದೇ ಮಧ್ಯಾಹ್ನದ ದುಡಿಮೆ. ಒಂದಕ್ಕೆ ಕಾನೂನಿನ ನೆರಳು, ಇನ್ನೊಂದಕ್ಕೆ ಇಲ್ಲ. ವೈಟ್ 2015ರಲ್ಲಿ ತೀರಿಕೊಂಡರು.

ಅಮೆರಿಕದಲ್ಲಿ ದಾರಿ ಬೇರೆ. ಅಲ್ಲಿ ಮಾಮೂಲಿ ರೇಡಿಯೋ ಕೇಂದ್ರಗಳು ಹಾಡಿದವರಿಗೂ ನುಡಿಸಿದವರಿಗೂ ಒಂದು ಪೈಸೆ ಕೊಡಬೇಕಿಲ್ಲ. ಬರೆದವರಿಗೆ ಕೊಟ್ಟರೆ ಆಯಿತು. ಇದನ್ನು ಬದಲಿಸುವ ಮಸೂದೆ ಸಂಸತ್ತಿನಲ್ಲಿ ಮತ್ತೆ ಮತ್ತೆ ಬಂದು ನಿಂತಿದೆ. ಡಿಜಿಟಲ್ ರೇಡಿಯೋ ವಿಷಯದಲ್ಲಿ ಮಾತ್ರ ಕಾನೂನು ಪಾಲು ಹಾಕಿದೆ. 100 ರೂಪಾಯಿ ಬಂತು ಎಂದುಕೊಳ್ಳಿ. 50 ಕಂಪನಿಗೆ, 45 ಮುಖ್ಯ ಕಲಾವಿದರಿಗೆ. ಉಳಿದ 5ರಲ್ಲಿ ಅರ್ಧ ಹಿನ್ನೆಲೆ ವಾದ್ಯದವರಿಗೆ, ಅರ್ಧ ಹಿನ್ನೆಲೆ ಗಾಯಕರಿಗೆ. ಅಂದರೆ ಡ್ರಮ್ಮು, ಬೇಸು, ಕೊಳಲು, ಪಿಟೀಲು ಎಲ್ಲರಿಗೂ ಸೇರಿ ಎರಡೂವರೆ ರೂಪಾಯಿ. ಚಿಕ್ಕದು, ಆದರೆ ಅದು ಕಂಪನಿಯ ಮರ್ಜಿಯಲ್ಲ, ಹಕ್ಕು. 1972ಕ್ಕಿಂತ ಹಿಂದಿನ ಹಾಡುಗಳು ಇದರಿಂದ ಹೊರಗಿದ್ದವು. 2018ರ ತಿದ್ದುಪಡಿ ಅವನ್ನೂ ಸೇರಿಸಿತು. ಬ್ಲೇನ್ ಅವರ ಹೆಚ್ಚಿನ ಕೆಲಸ ಆ ಕಾಲದ್ದು. ಅವರು ತೀರಿಕೊಂಡದ್ದು 2019ರ ಮಾರ್ಚ್‌ನಲ್ಲಿ, 90ನೇ ವಯಸ್ಸಿನಲ್ಲಿ.

ನಡುವಿನ ವರ್ಷಗಳ ವಿಷಯ ಹೇಳದಿದ್ದರೆ ಕಥೆ ಅರ್ಧವಾಗುತ್ತದೆ. 1970ರ ದಶಕ ಕಳೆಯುತ್ತಾ ಸೆಷನ್ ಕಡಿಮೆಯಾದವು. ತಂಡಗಳು ತಾವೇ ನುಡಿಸತೊಡಗಿದವು. 1980ರಲ್ಲಿ ಲಿನ್ ಎಲ್‌ಎಂ-1 ಎಂಬ ಡ್ರಮ್ ಯಂತ್ರ ಬಂತು, ನಿಜವಾದ ಡ್ರಮ್ಮಿನ ಸದ್ದನ್ನೇ ರೆಕಾರ್ಡ್ ಮಾಡಿ ಅದರೊಳಗೆ ತುಂಬಿದ್ದರು. ಬ್ಲೇನ್ ವಿಚ್ಛೇದನದಲ್ಲಿ ಗುಡ್ಡದ ಮೇಲಿನ ದೊಡ್ಡ ಬಂಗಲೆಯನ್ನೂ ಗಳಿಸಿದ್ದರಲ್ಲಿ ಬಹುಪಾಲನ್ನೂ ಕಳೆದುಕೊಂಡರು. ಒಂದು ಹಂತದಲ್ಲಿ ಅರಿಜೋನಾದಲ್ಲಿ ಸೆಕ್ಯುರಿಟಿ ಗಾರ್ಡ್ ಕೆಲಸ ಮಾಡಿದರು. ಅವರು ಕಾವಲು ಕೂತ ಆ ಹೊತ್ತಿನಲ್ಲೂ ರೇಡಿಯೋದಲ್ಲಿ ಅವರದೇ ಡ್ರಮ್ ಕೇಳಿಸುತ್ತಿತ್ತು. ಮೇಲೆ ಹೇಳಿದ ಆ ಕಾನೂನಿನ ಪ್ರಕಾರ ರೇಡಿಯೋದವರು ಅವರಿಗೆ ಏನೂ ಕೊಡಬೇಕಿರಲಿಲ್ಲ. 2000ದಲ್ಲಿ ಹಾಲ್ ಆಫ್ ಫೇಮ್ ಪಕ್ಕವಾದ್ಯದವರಿಗೆಂದೇ ಒಂದು ವಿಭಾಗ ತೆರೆದಾಗ ಮೊದಲ ಐವರಲ್ಲಿ ಅವರೂ ಒಬ್ಬರು.

ಇವತ್ತಿನ ನಿಜವಾದ ಜಗಳ ಸ್ಟ್ರೀಮಿಂಗಿನದು. ರೇಡಿಯೋದಲ್ಲಿ ಹಾಡು ಬಂದರೆ ಯುರೋಪಿನ ಹೆಚ್ಚಿನ ದೇಶಗಳಲ್ಲಿ ನುಡಿಸಿದವರಿಗೆ ಪಾಲು ಇದೆ. ಅದೇ ಹಾಡನ್ನು ಸ್ಪಾಟಿಫೈನಲ್ಲಿ ನೀವು ಒತ್ತಿ ಕೇಳಿದರೆ ಸಾಮಾನ್ಯವಾಗಿ ಇಲ್ಲ. ಯಾಕೆ? ಕಾನೂನಿನ ಕಣ್ಣಿಗೆ ರೇಡಿಯೋ ಎಂದರೆ ಪ್ರಸಾರ. ನೀವೇ ಆರಿಸಿ ಕೇಳುವುದು ಅಂಗಡಿಯಲ್ಲಿ ಕ್ಯಾಸೆಟ್ ಕೊಂಡ ಹಾಗೆ. ಕ್ಯಾಸೆಟ್ ಮಾರಾಟದಲ್ಲಿ ಸೆಷನ್ನಿನವರಿಗೆ ಪಾಲಿರಲಿಲ್ಲ, ಇಲ್ಲೂ ಇಲ್ಲ. ಜನ ಈಗ ಸ್ಟ್ರೀಮಿಂಗನ್ನು ರೇಡಿಯೋ ಥರವೇ ದಿನವಿಡೀ ಹಾಕಿಕೊಂಡಿರುತ್ತಾರೆ. ಬಳಕೆ ಬದಲಾಗಿದೆ, ಕಾನೂನಿನ ಗೆರೆ ಅಲ್ಲೇ ನಿಂತಿದೆ. ಸ್ಪೇನ್ ಈ ಗೆರೆ ದಾಟಿ, ಸ್ಟ್ರೀಮಿಂಗಿನಲ್ಲೂ ನುಡಿಸಿದವರಿಗೆ ಹಕ್ಕು ಕೊಟ್ಟಿದೆ. ಬ್ರಿಟನ್ನಿನ ಸಂಸದೀಯ ಸಮಿತಿ 2021ರಲ್ಲಿ ಇದನ್ನೇ ಶಿಫಾರಸು ಮಾಡಿತು. ಸರ್ಕಾರ ಕಾನೂನು ಮಾಡಲಿಲ್ಲ. 2025ರ ಜುಲೈನಲ್ಲಿ ಅಲ್ಲಿನ ದೊಡ್ಡ ಕಂಪನಿಗಳು ಸೆಷನ್ ಕೂಲಿ ಏರಿಸಲು ಒಪ್ಪಿದವು. ಅದು ಒಳ್ಳೆಯದೇ. ಆದರೆ ಕೂಲಿ ಬೇರೆ, ಪಾಲು ಬೇರೆ. ಉರುಗ್ವೆ 2023ರಲ್ಲಿ ಇಂಥ ಕಾನೂನು ಮಾಡಿದಾಗ ಸ್ಪಾಟಿಫೈ ದೇಶ ಬಿಟ್ಟೇ ಹೋಗುವುದಾಗಿ ಹೇಳಿತು. ಹೆಚ್ಚುವರಿ ದುಡ್ಡು ನೀವು ಕೊಡಬೇಕಿಲ್ಲ ಎಂದು ಸರ್ಕಾರ ಭರವಸೆ ಕೊಟ್ಟ ಮೇಲೆ ಉಳಿಯಿತು. ಈಗಿರುವ ರೊಟ್ಟಿಯಲ್ಲಿ ತಮ್ಮ ತುಂಡು ಚಿಕ್ಕದಾಗಲು ಯಾರಿಗೂ ಮನಸ್ಸಿಲ್ಲ.

ನಮ್ಮಲ್ಲಿ ಏನಾಗಿದೆ? ಕಾಗದದ ಮೇಲೆ ನಮ್ಮ ಕಾನೂನು ಹಿಂದೆ ಬಿದ್ದಿಲ್ಲ. ಕೃತಿಸ್ವಾಮ್ಯ ಕಾನೂನಿನ 1994ರ ತಿದ್ದುಪಡಿ ಪ್ರದರ್ಶಕರ, ಅಂದರೆ ಹಾಡುವ, ನುಡಿಸುವವರ ಹಕ್ಕನ್ನು ತಂದಿತು. 2012ರ ತಿದ್ದುಪಡಿ ಅದನ್ನು ಗಟ್ಟಿ ಮಾಡಿ, ವಾಣಿಜ್ಯ ಬಳಕೆಯಾದರೆ ರಾಯಲ್ಟಿ ಕೊಡಬೇಕು ಎಂದಿತು. ಹಕ್ಕಿನ ಅವಧಿ 50 ವರ್ಷ. ಕಾನೂನಿನಲ್ಲಿ ‘ಪ್ರದರ್ಶನ’ ಎಂದರೆ ನೇರವಾಗಿ ಮಾಡಿದ್ದು ಎಂದಿದೆ, ಸ್ಟುಡಿಯೋ ಕೆಲಸ ಅದರಲ್ಲಿ ಬರುತ್ತದೆಯೇ ಎಂಬ ತಕರಾರು ಇತ್ತು. ಗಾಯಕಿ ನೇಹಾ ಭಸೀನ್ ಅವರ ಮೊಕದ್ದಮೆಯಲ್ಲಿ ದೆಹಲಿ ಹೈಕೋರ್ಟ್ 2006ರಲ್ಲೇ ಇದನ್ನು ಬಗೆಹರಿಸಿತ್ತು. ಸಭಿಕರ ಎದುರಾಗಲಿ, ಸ್ಟುಡಿಯೋದಲ್ಲಾಗಲಿ, ಮೊದಲ ಸಲ ಹಾಡುವುದು ನೇರವಾಗಿಯೇ ತಾನೇ ಎಂದಿತು. ಗಾಯಕರ ಹಕ್ಕಿಗಾಗಿ ಹುಟ್ಟಿದ ಇಸ್ರಾ ಸಂಘ ಈಗ ವಾದ್ಯದವರನ್ನೂ ಸೇರಿಸಿಕೊಂಡು ಇಸಾಮ್ರಾ ಆಗಿದೆ.

ಆದರೆ ಪ್ರದರ್ಶಕರು ಯಾರು ಎಂದು ಹೇಳುವ ಕಲಮಿನಲ್ಲೇ ಒಂದು ಬಾಲ ಇದೆ. ಸಿನಿಮಾದಲ್ಲಿ ಒಬ್ಬರ ಪಾತ್ರ ಸಣ್ಣದಾಗಿ, ಪ್ರಾಸಂಗಿಕವಾಗಿದ್ದು, ಉದ್ಯಮದ ರೂಢಿಯಂತೆ ಅವರ ಹೆಸರನ್ನು ಟೈಟಲ್ ಕಾರ್ಡಿನಲ್ಲೂ ಎಲ್ಲೂ ಹಾಕದಿದ್ದರೆ, ಅವರು ಪ್ರದರ್ಶಕರು ಎಂದೇ ಲೆಕ್ಕವಿಲ್ಲ. ತಾವು ನುಡಿಸಿದ್ದನ್ನು ಕೆಡಿಸಿ ಬಳಸಿದರೆ ಆಕ್ಷೇಪಿಸುವ ಹಕ್ಕೊಂದು ಬಿಟ್ಟು ಉಳಿದದ್ದು ಇಲ್ಲ. ಇದು ಜೂನಿಯರ್ ಕಲಾವಿದರನ್ನು ಮನಸ್ಸಿನಲ್ಲಿಟ್ಟು ಬರೆದದ್ದು ಎಂದು ವಾದಿಸಬಹುದು. ಒಂದು ಹಾಡಿನ ತಬಲಾ ಸಣ್ಣ ಕೆಲಸವೇನಲ್ಲ ಎಂದೂ ವಾದಿಸಬಹುದು. ಆದರೂ ಹೆಸರು ಹಾಕದ ರೂಢಿಯೇ ಹಕ್ಕಿಗೆ ಅಡ್ಡ ನಿಲ್ಲಬಹುದು ಎನ್ನುವುದು ನನಗೆ ದಿಗಿಲು ಹುಟ್ಟಿಸುತ್ತದೆ.

ಕನ್ನಡ ಸಿನಿಮಾ ಹಾಡುಗಳು ದಶಕಗಳ ಕಾಲ ರೆಕಾರ್ಡ್ ಆದದ್ದು ಮದ್ರಾಸಿನಲ್ಲಿ. ಅಲ್ಲಿ ಢೋಲಕ್, ತಬಲಾ, ಬಾಂಗೊ ನುಡಿಸಿದವರಲ್ಲಿ ಎಷ್ಟು ಜನರ ಹೆಸರು ನಮಗೆ ಗೊತ್ತು? ಜಿ.ಕೆ. ವೆಂಕಟೇಶ್ ಅವರ ವಾದ್ಯವೃಂದದಲ್ಲಿ ಗಿಟಾರ್ ನುಡಿಸುತ್ತಾ ಸಹಾಯಕರಾಗಿದ್ದ ಇಳಯರಾಜ ಅವರನ್ನು ನೆನೆಯುತ್ತೇವೆ, ಯಾಕೆಂದರೆ ಅವರು ಆಮೇಲೆ ಸಂಗೀತ ನಿರ್ದೇಶಕರಾದರು. ಪಕ್ಕದ ಕುರ್ಚಿಯಲ್ಲೇ ಕೊನೆವರೆಗೂ ಕೂತವರು ನೆನಪಿಲ್ಲ.

ಹೆಸರು ಹೇಳುವ ಪದ್ಧತಿ ನಮಗೆ ಹೊಸದೂ ಅಲ್ಲ. ರಾಮನವಮಿ ಕಛೇರಿಯ ಆಹ್ವಾನ ಪತ್ರಿಕೆಯಲ್ಲಿ ಹಾಡುವವರ ಕೆಳಗೆ ಪಿಟೀಲು, ಮೃದಂಗ, ಘಟ ಎಂದು ಎಲ್ಲರ ಹೆಸರೂ ಇರುತ್ತದೆ. ಗಣಪತಿ ಪೆಂಡಾಲಿನ ಆರ್ಕೆಸ್ಟ್ರಾದಲ್ಲಿ ಕೂಡ ನಿರೂಪಕರು ರಿದಂ ಪ್ಯಾಡಿನವರನ್ನು ಹೆಸರು ಹಿಡಿದು ಕರೆದು ಚಪ್ಪಾಳೆ ಹೊಡೆಸುತ್ತಾರೆ. ಟಿ.ಎ.ಎಸ್. ಮಣಿ ಅವರು ಬೆಂಗಳೂರಿನಲ್ಲಿ ಕಟ್ಟಿದ ಕರ್ನಾಟಕ ಕಾಲೇಜ್ ಆಫ್ ಪರ್ಕಷನ್, ಸ್ಯಾಕ್ಸೋಫೋನ್ ವಾದಕ ಚಾರ್ಲಿ ಮರಿಯಾನೊ ಅವರ ಜೊತೆ ಮಾಡಿದ ‘ಜ್ಯೋತಿ’ ಆಲ್ಬಂ 1983ರಲ್ಲಿ ಜರ್ಮನಿಯ ಇಸಿಎಂ ಕಂಪನಿಯಿಂದ ಬಂತು. ಅದರ ಕವರ್ ಮೇಲೆ ಮರಿಯಾನೊ ಹೆಸರಿನ ಜೊತೆಯಲ್ಲೇ ಕಾಲೇಜಿನ ಹೆಸರೂ ಇದೆ. ಲಯದವರನ್ನು ಹಿಂದೆ ತಳ್ಳದೆ ಆಲ್ಬಂ ಮಾಡಲು ಬರುತ್ತದೆ ಎಂಬುದಕ್ಕೆ ಅದಕ್ಕಿಂತ ಹತ್ತಿರದ ಸಾಕ್ಷಿ ಬೇಕಿಲ್ಲ.

ಈಗಿನ ಸೆಷನ್ ಬೇರೆ ಥರ. ಮೂರು ಗಂಟೆಯೂ ಇಲ್ಲ, ಎಲ್ಲರೂ ಕೂಡುವ ಕೋಣೆಯೂ ಇಲ್ಲ. ಮನೆಯಲ್ಲೇ ಮೈಕ್ ಇಟ್ಟು ನುಡಿಸಿ, ಫೈಲ್ ಕಳಿಸಿ, ಫೋನಿನಲ್ಲಿ ದುಡ್ಡು ಪಡೆಯುವುದು. ಯಾರೂ ಫಾರಂ ತುಂಬುವುದಿಲ್ಲ. ಇದರ ನಡುವೆ ಎಐ ಬಂದಿದೆ. ತಮ್ಮ ರೆಕಾರ್ಡಿಂಗ್‌ಗಳನ್ನು ಕೇಳದೆ ಬಳಸಿ ಯಂತ್ರಕ್ಕೆ ಸಂಗೀತ ಕಲಿಸಿದರು ಎಂದು ಸೋನಿ, ಯೂನಿವರ್ಸಲ್, ವಾರ್ನರ್ ಕಂಪನಿಗಳು 2024ರಲ್ಲಿ ಸುನೋ ಮತ್ತು ಉಡಿಯೋ ಎಂಬ ಎಐ ಸಂಗೀತ ಕಂಪನಿಗಳ ಮೇಲೆ ಮೊಕದ್ದಮೆ ಹೂಡಿದವು. ಮರುವರ್ಷ ಇವುಗಳಲ್ಲಿ ಕೆಲವು ರಾಜಿಯಾಗಿ ಲೈಸೆನ್ಸ್ ಒಪ್ಪಂದಕ್ಕೆ ಬಂದವು. ಯಂತ್ರ ಕಲಿಯುವುದು ಗಾಯಕರ ದನಿಯನ್ನಷ್ಟೇ ಅಲ್ಲ. ಸ್ನೇರ್ ಎಷ್ಟು ಬಿಗಿಯಾಗಿರಬೇಕು, ಎರಡನೇ ಮಾತ್ರೆಯನ್ನು ಎಷ್ಟು ತಡೆದು ಬಾರಿಸಬೇಕು ಎಂಬುದನ್ನೂ ಕಲಿಯುತ್ತದೆ. ಅದೆಲ್ಲ ಬ್ಲೇನ್ ಅಂಥವರ ಕೈಯ ಗುಣ. ಆ ಲೈಸೆನ್ಸ್ ದುಡ್ಡು ಹಂಚುವಾಗ ಕಂಪನಿ ಯಾವ ಪಟ್ಟಿ ತೆಗೆದು ನೋಡುತ್ತದೆ? ಲಾಸ್ ಏಂಜಲಿಸ್‌ನ 1966ರ ಹಾಡಿಗೆ ಯೂನಿಯನ್ ಫಾರಂ ಇದೆ. ನಮ್ಮ 2024ರ ಹಾಡಿಗೆ ಏನಿದೆ?

ಇಷ್ಟವಾದ ಒಂದು ಕನ್ನಡ ಸಿನಿಮಾ ಹಾಡನ್ನು ಆ್ಯಪಿನಲ್ಲಿ ಹಾಕಿ, ಪಕ್ಕದ ಚುಕ್ಕಿಗಳನ್ನು ಒತ್ತಿ ಕ್ರೆಡಿಟ್ಸ್ ತೆರೆದು ನೋಡಿ. ಗಾಯಕರು ಇರುತ್ತಾರೆ, ಸಾಹಿತ್ಯ ಬರೆದವರು, ಸಂಗೀತ ನಿರ್ದೇಶಕರು ಇರುತ್ತಾರೆ. ಹಾಡು ಓಡುತ್ತಿರುವಾಗಲೇ ಕಿವಿಗೊಟ್ಟರೆ ಢೋಲಕ್ ಸ್ಪಷ್ಟವಾಗಿ ಕೇಳಿಸುತ್ತದೆ. ಎಡಗೈಯ ಗುಮ್ಮು, ಬಲಗೈಯ ಚಾಪು, ಚರಣ ಮುಗಿದು ಪಲ್ಲವಿಗೆ ತಿರುಗುವಾಗ ಬರುವ ಮುಕ್ತಾಯ. ಅದನ್ನು ನುಡಿಸಿದವರ ಸಾಲು ಆ ಪಟ್ಟಿಯಲ್ಲಿ ಬಹಳ ಸಲ ಇರುವುದೇ ಇಲ್ಲ.